ಎಂಟು ಸೆಕೆಂಡಿನ ಅಮ್ಮ

ನಾನು ತಿದ್ದಿ ಚಂದ ಮಾಡಿಕೊಟ್ಟ ಒಂದು ವಾಕ್ಯ ಸುಳ್ಳೆಂದು ಕಳೆದ ಭಾನುವಾರ ಗೊತ್ತಾಯಿತು. ಇನ್ನೂ ಸುಧಾರಿಸಿಕೊಂಡಿಲ್ಲ.

ವಾಕ್ಯ ಇದು: ‘ಅಮ್ಮ ನನ್ನನ್ನು ದೂರ ತಳ್ಳಿದಳು.’

ಅದು ರೇವತಿಯ ಸಿನಿಮಾದ್ದು. ಕೊಯಮತ್ತೂರಿನ ಈ ಹುಡುಗಿ (ಮೂವತ್ತನಾಲ್ಕು ವರ್ಷ, ನನಗೆ ಹುಡುಗಿಯೇ) ಹೊಸದಾಗಿ ಏನನ್ನೂ ಶೂಟ್ ಮಾಡುವುದಿಲ್ಲ. ಜನ ಮರೆತ ಮದುವೆ ಕ್ಯಾಸೆಟ್‌ಗಳನ್ನು ಹುಡುಕಿ, ಕತ್ತರಿಸಿ, ಜೋಡಿಸುತ್ತಾಳೆ. ಕನ್ನಡ ಮನೆಮಾತು, ಬರೆಯಲು ಬಾರದು. ಹಾಗಾಗಿ ನಿರೂಪಣೆ ತಿದ್ದುವ ಕೆಲಸ ನನ್ನದು.

ಈ ಬಾರಿ ಸಿಕ್ಕಿದ್ದು ಅವಳ ಚಿಕ್ಕಪ್ಪನ ಮದುವೆಯ ಕ್ಯಾಸೆಟ್. ಅದರಲ್ಲಿ ಅವಳ ಅಮ್ಮ ಇದ್ದಾರೆ, ಎಂಟು ಸೆಕೆಂಡು. ಮೂರು ವರ್ಷದ ರೇವತಿ ಓಡಿ ಬರುತ್ತಾಳೆ. ಅಮ್ಮ ಏನೋ ಹೇಳಿ, ಎದೆಗೆ ಅಂಗೈ ಒತ್ತಿ ಹಿಂದಕ್ಕೆ ತಳ್ಳುತ್ತಾರೆ. ಮಾತು ಕೇಳಿಸದು. ವಿಡಿಯೋದವರು ಉದ್ದಕ್ಕೂ ಸಿನಿಮಾ ಹಾಡು ತುಂಬಿದ್ದಾರೆ. (ಯಾರ ಮನೆ ಕ್ಯಾಸೆಟ್‌ನಲ್ಲಿ ತುಂಬಿಲ್ಲ?)

ಆ ಮದುವೆಯಾದ ಆರು ತಿಂಗಳಿಗೆ ಅಮ್ಮ ತೀರಿಕೊಂಡರು. ರೇವತಿಗೆ ಅಮ್ಮನ ನೆನಪೆಂದು ಉಳಿದದ್ದು ಆ ಕೈ ಒಂದೇ. ಎಂಟು ಸೆಕೆಂಡನ್ನು ಎಳೆದು ಎರಡು ನಿಮಿಷ ಮಾಡಿದ್ದಳು. ನಾನು ಭೇಷ್ ಅಂದಿದ್ದೆ.

ಭಾನುವಾರ ಕೊಯಮತ್ತೂರಿನ ಪಕ್ಕದ ಸೋಮನೂರಿನಲ್ಲಿ, ನನ್ನ ಅಕ್ಕನ ಮನೆಯಲ್ಲಿ, ಲ್ಯಾಪ್‌ಟಾಪಿನಲ್ಲಿ ತೋರಿಸಿದಳು. ಅಕ್ಕ ನಲವತ್ತು ವರ್ಷ ಪವರ್‌ಲೂಮ್ ಓಡಿಸಿದವಳು. ಸ್ವಲ್ಪ ನೋಡಿ, ಇದೇನು, ಕರೆಂಟು ಕಮ್ಮಿಯಾ ಎಂದು ಕೇಳಿದಳು. ಮಾಮೂಲು ಸ್ಪೀಡಿಗೆ ಹಾಕು, ಇಷ್ಟು ನಿಧಾನವಾದರೆ ಬಾಯಿ ಓದುವುದು ಹೇಗೆ ಅಂದಳು.

ಬಾಯಿ ಓದುವುದು. ನಾನು ಮರೆತೇಬಿಟ್ಟಿದ್ದೆ. ಮಗ್ಗದ ಶೆಡ್ಡಿನಲ್ಲಿ ಕೂಗಿದರೂ ಪಕ್ಕದವರಿಗೆ ಕೇಳಿಸದು. ನಮ್ಮ ಹೆಂಗಸರು ಸಾರು, ಸಂಬಂಧ, ಜಗಳ ಎಲ್ಲವನ್ನೂ ತುಟಿ ನೋಡಿಯೇ ಮುಗಿಸಿದವರು.

ಅಕ್ಕ ಮೂರು ಸಲ ನೋಡಿದಳು. ಮೊದಲ ಮಾತು ಗೊತ್ತಾಗುತ್ತಿಲ್ಲ ಎಂದಳು. ಉಳಿದದ್ದನ್ನು ಪರದೆಯ ತುಟಿಗಳ ಜೊತೆಜೊತೆಗೇ ಹೇಳಿದಳು:

“ಬೇಡ ಸಾಮಿ, ಲೈಟು ಸುಡ್ತದೆ. ಅಜ್ಜಿ ಹತ್ರ ಇರು, ಬರ್ತೀನಿ.”

(ಸಾಮಿ, ಕಣ್ಣು ಎಂದರೆ ಇಲ್ಲಿ ಮಕ್ಕಳ ಮುದ್ದಿನ ಹೆಸರುಗಳು.)

ರೇವತಿ ಚಿತ್ರ ನಿಲ್ಲಿಸಿದಳು. ಕನ್ನಡಕ ಒರೆಸಿಕೊಂಡು ನೋಡಿದೆ. ಎಡ ಅಂಚಿನಲ್ಲಿ ವಿಡಿಯೋ ಲೈಟಿನ ಸ್ಟ್ಯಾಂಡು, ಕಪ್ಪು ವೈರು. ಮಗುವಿನ ಪಾದಕ್ಕೂ ವೈರಿಗೂ ಒಂದು ಗೇಣು. ನಾವಿಬ್ಬರೂ ಎಷ್ಟು ಸಲ ನೋಡಿದ್ದೆವು. ಕೈಯೊಂದನ್ನೇ ನೋಡಿದ್ದೆವು.

“ನಿಜವಾ ಅತ್ತೆ?” ಎಂದು ಅಕ್ಕನನ್ನು ಕೇಳಿದಳು.

“ನಾಕು ಮಗ್ಗದಾಚೆ ನಿಂತವಳ ಬಾಯಿ ಓದಿದೀನಿ, ಕಣ್ಣು. ಇವಳು ಇಷ್ಟು ಹತ್ರ ಇದಾಳೆ.”

ರೇವತಿ ಅಳಲಿಲ್ಲ. ಇನ್ನೊಂದು ಸಲ ಹೇಳಿ ಎಂದಳು, ಮತ್ತೊಂದು ಸಲ ಎಂದಳು, ಫೋನಿನಲ್ಲಿ ರೆಕಾರ್ಡ್ ಮಾಡಿಕೊಂಡಳು. ಈಗ ಎಂಟು ಸೆಕೆಂಡು ಎಂಟೇ ಸೆಕೆಂಡು. ಹಾಡಿನ ಜಾಗದಲ್ಲಿ ಅಕ್ಕನ ದನಿ. ನನ್ನ ವಾಕ್ಯ ಹೋಯಿತು, ಒಳ್ಳೆಯದಾಯಿತು.

ಗುರುವಾರ ಫೋನ್ ಮಾಡಿದ್ದಳು. ಆ ಕೈ ಬೆಚ್ಚಗಿತ್ತು ಅನ್ನುವುದು ಈಗ ನೆನಪಾಗುತ್ತಿದೆಯಂತೆ. ಹೊಸದಾಗಿ ಕಟ್ಟಿಕೊಂಡ ನೆನಪೋ ಏನೋ ಎಂದು ಅನುಮಾನವಂತೆ.

ಇರಲಿ ಬಿಡಿ. ಲೈಟಿನ ಮುಂದೆ ನಿಂತ ಅಮ್ಮನ ಕೈ ಬೆಚ್ಚಗಿರದೆ ಇನ್ನು ಹೇಗಿದ್ದೀತು?