ಕ್ಯಾಮೆರಾಗೆ ಹೊಡೆದ ಸಲಾಮು

ಪೀಣ್ಯದ ನಮ್ಮ ಕಾರ್ಖಾನೆಯ ಗೇಟಿನಲ್ಲಿ ಕ್ಯಾಮೆರಾ ಕತ್ತು ತಿರುಗಿಸಿದಾಗಲೆಲ್ಲ ವಾಚ್‌ಮನ್ ಸೊಣ್ಣಪ್ಪ ಎದ್ದು ನಿಂತು ಸಲಾಮು ಹೊಡೆಯುತ್ತಿದ್ದರು. ಮಾಲೀಕರಾದ ಬಾಲಾಜಿಯವರು ಮನೆಯಲ್ಲಿ ಕೂತು ನೋಡುತ್ತಾರೆ ಎಂದು ಅವರ ನಂಬಿಕೆ. ನಗಬೇಡಿ. ಎರಡು ಸಾವಿರದ ಎಂಟರಲ್ಲಿ ಆ ಯಂತ್ರದ ಬಗ್ಗೆ, ಅಲ್ಲಿನ ಕಂಪ್ಯೂಟರ್ ನೋಡಿಕೊಳ್ಳುತ್ತಿದ್ದ ನನಗೇ ಹೆಚ್ಚು ಗೊತ್ತಿರಲಿಲ್ಲ.

ಆಮೇಲೆ ಶುರುವಾಯಿತು ರಗಳೆ. ಬೆಳಿಗ್ಗೆ ಬಂದು ನೋಡಿದರೆ ಕ್ಯಾಮೆರಾ ಗೇಟು ಬಿಟ್ಟು ಕಾಂಪೌಂಡಿನ ಮೂಲೆಗೆ ಮುಖ ಮಾಡಿರುತ್ತಿತ್ತು. ಅಲ್ಲಿ ಗೋಣಿಚೀಲದ ಮೇಲೆ ಬೀದಿನಾಯಿ ಕೆಂಪಿ ಮರಿ ಹಾಕಿತ್ತು. ಸರಿಮಾಡಿದರೆ ಮಧ್ಯಾಹ್ನ ಮತ್ತೆ ಅಲ್ಲಿಗೇ.

"ಮಾಲು ಸಾಗ್ಸೋಕೆ ಕೋಲಲ್ಲಿ ತಿರುಗಿಸ್ತಿದೀಯ ಕಣಯ್ಯ. ಶನಿವಾರ ಲೆಕ್ಕ ಮುಗಿಸ್ಕೊಂಡು ಹೊರಡು," ಎಂದರು ಬಾಲಾಜಿ, ಸೊಣ್ಣಪ್ಪನವರಿಗೆ.

"ಮುಟ್ಟೇ ಇಲ್ಲ ಸಾರ್. ನೀವೇ ತಿರುಗಿಸ್ತೀರ ಅಂದ್ಕಂಡಿದ್ದೆ."

"ನಾನು ಮನೇಲಿ ಕೂತು ನಾಯಿಮರಿ ನೋಡ್ತೀನಾ?"

ಸೊಣ್ಣಪ್ಪನವರದು ಟಿ. ದಾಸರಹಳ್ಳಿಯಲ್ಲಿ ಒಂದು ಕೋಣೆಯ ಮನೆ, ಮಂಡಿನೋವಿನ ಹೆಂಡತಿ ಅಂಜನಮ್ಮ. ಈ ವಯಸ್ಸಿನಲ್ಲಿ ಕಳ್ಳ ಅನ್ನಿಸಿಕೊಂಡು ಹೊರಬಿದ್ದರೆ ಪೀಣ್ಯದಲ್ಲಿ ಇನ್ಯಾರು ಕೆಲಸ ಕೊಡುತ್ತಾರೆ? ಎತ್ತಿಗೆ ಜ್ವರ ಬಂದರೆ ಎಮ್ಮೆಗೆ ಬರೆ. ನನಗೆ ಸಿಟ್ಟು ನೆತ್ತಿಗೇರಿತು.

ಕ್ಯಾಮೆರಾ ಇಂಟರ್ನೆಟ್ಟಿಗೆ ಸೇರಿದ್ದು; ಯಾರೂ ಮುಟ್ಟದೆ ತಿರುಗುತ್ತಿದ್ದರೆ ಅಲ್ಲಿಂದಲೇ ಯಾರೋ ತಿರುಗಿಸುತ್ತಿರಬೇಕು ಅನ್ನಿಸಿತು. ಬರೀ ಕ್ಯಾಮೆರಾ ಅಂತ ಹುಡುಕಿದರೆ ಅಂಗಡಿಗಳೇ ಬರುತ್ತವೆ. ಈ ಮಾದರಿಯ ಕ್ಯಾಮೆರಾ ತೆರೆಯುವ ಪುಟದ ತಲೆಬರಹವನ್ನೇ ಕೊಟ್ಟು, ಅದು ಇರುವ ಪುಟಗಳನ್ನು ಮಾತ್ರ ತೋರಿಸು ಎಂದು ಗೂಗಲ್‌ಗೆ ಹೇಳಿದೆ. ಯಾವ ಯಾವ ದೇಶದ್ದೋ ಅಂಗಳ, ಪಾರ್ಕಿಂಗು, ಮೀನಿನ ತೊಟ್ಟಿ. ಅವುಗಳ ನಡುವೆ ನಮ್ಮ ಕಾಂಪೌಂಡು! ಪಾಸ್‌ವರ್ಡೇ ಇಲ್ಲ, ಯಾರು ಬೇಕಾದರೂ ತೆರೆದು ತಿರುಗಿಸಬಹುದು. ಬಾಲಾಜಿಯವರನ್ನು ಕರೆದು ಕೂರಿಸಿ, ಪುಟದಲ್ಲಿದ್ದ ಬಾಣದ ಗುರುತು ಒತ್ತಿದೆ. ಹೊರಗೆ ಕ್ಯಾಮೆರಾ ತಿರುಗಿತು. ಸೊಣ್ಣಪ್ಪ ಎದ್ದು ಸಲಾಮು ಹೊಡೆದರು.

ಸೊಣ್ಣಪ್ಪನವರ ಕೆಲಸ ಉಳಿಯಿತು. ನಾನು ಕ್ಯಾಮೆರಾಗೆ ಪಾಸ್‌ವರ್ಡ್ ಹಾಕಿ ಹೊರಗಿನವರಿಗೆ ಬೀಗ ಜಡಿದೆ.

"ಅಂಗಾದ್ರೆ ಇಷ್ಟ್ ದಿನ ನಾನ್ ಸಲಾಮ್ ಒಡ್ದಿದ್ದು ಯಾರ್ಗೆ ಸಾರ್?"

"ಯಾರೋ, ಯಾವ ದೇಶದವ್ರೋ, ಗೊತ್ತಿಲ್ಲ."

"ಕಳ್ಳತನಕ್ಕೆ ನೋಡ್ತಿದ್ರಾ?"

"ಗೇಟಿನ ಕಡೆ ಅವ್ರು ನೋಡ್ತಾನೇ ಇರ್ಲಿಲ್ವಲ್ಲ ಸೊಣ್ಣಪ್ಪಣ್ಣ."

ಅವರಿಗೂ ತಲೆಬುಡ ತಿಳಿಯಲಿಲ್ಲ, ನನಗೂ ತಿಳಿಯಲಿಲ್ಲ. ಕ್ಯಾಮೆರಾ ಮಾತ್ರ ಗೇಟಿನ ಕಡೆ ನೆಟ್ಟಗೆ ನಿಂತುಬಿಟ್ಟಿತು. ಸೊಣ್ಣಪ್ಪ ಆಗಾಗ ಕತ್ತೆತ್ತಿ ಅದನ್ನು ನೋಡುತ್ತಿದ್ದರು.

ವಾರದ ಮೇಲೆ ಅವರು ಒಂದು ಮರಿಯನ್ನು ಎದೆಗೆ ಅವುಚಿಕೊಂಡು ನನ್ನ ಬಾಗಿಲಲ್ಲಿ ಬಂದು ನಿಂತರು.

"ಗುರುರಾಜ್ ಸಾರ್, ಮರಿ ಕಣ್ ಬಿಟ್ಟವೆ. ಒಂದ್ ಗಳಿಗೆ ಆ ಬೀಗ ತೆಗೀತೀರಾ? ಪಾಪ, ಅವ್ರು ಕಾಯ್ತಿರ್ತಾರೆ."