ಕೊಡೆಬಟ್ಟೆಯ ಕಡಲ್ಗಳ್ಳರು

ನೆನೆದ ಕರಿ ಕೊಡೆಬಟ್ಟೆಯ ವಾಸನೆ ಮೂಗಿಗೆ ಬಡಿದರೆ ಸಾಕು, ಈ ವಯಸ್ಸಿನಲ್ಲೂ ನನಗೆ ಕೂತಲ್ಲಿ ಕೂರಲಾಗುವುದಿಲ್ಲ. ನಿಮಗೂ ಇಂಥದ್ದೊಂದು ವಾಸನೆ ಇದ್ದೀತು. ಆಗಿನ್ನೂ ಜಯನಗರದಲ್ಲಿ ಮನೆಗಳು ಏಳುತ್ತಿದ್ದವು, ರಸ್ತೆಗೊಂದು ಮರಳುಗುಡ್ಡೆ. ಸಮುದ್ರವನ್ನೇ ಕಾಣದ ನಾವು ಮಕ್ಕಳು ಅದನ್ನೇ ಹಡಗು ಮಾಡಿಕೊಂಡು ಕಡಲ್ಗಳ್ಳರಾಗುತ್ತಿದ್ದೆವು. ಕಣ್ಣಿಗೆ ಕಟ್ಟುವ ಪಟ್ಟಿಯನ್ನು ತಾತನ ಮುರಿದ ಕೊಡೆಯಿಂದ ಕತ್ತರಿಸಿ ಕೊಟ್ಟವಳು ಸೀತತ್ತೆ, ಅಪ್ಪನ ತಂಗಿ. ಗಂಡ ತೀರಿಕೊಂಡ ಮೇಲೆ ತವರಿಗೆ ಬಂದು, ಒಲೆ ಮುಂದೆ ಕೂತೇ ಓದಿ ಟೀಚರ್ ಪರೀಕ್ಷೆ ಪಾಸು ಮಾಡಿದ್ದಳು. ಪಟ್ಟಿಯ ಗಂಟು ಬಿಗಿಯುತ್ತ ಪೈರೇಟ್ ಎಂಬ ಮಾತಿನ ಪೂರ್ವೋತ್ತರ ಹೇಳಿದಳು. "ಗ್ರೀಕರಲ್ಲಿ ಅದರ ಬೇರು ಪ್ರಯತ್ನ ಪಡೋದು ಅಂತ ಕಣೇ. ಆಮೇಲೆ ಮೇಲೆ ಬೀಳೋನು ಅಂತಾಯ್ತು, ಕೊನೆಗೆ ಸಮುದ್ರದ ಕಳ್ಳ. ಈಗ ಕದ್ದು ಪುಸ್ತಕ ಅಚ್ಚು ಹಾಕೋನ್ಗೂ ಅದೇ ಹೆಸರು." ಪ್ರಯತ್ನಪಟ್ಟವರನ್ನು ಕಳ್ಳರು ಎನ್ನಲು ಜನಕ್ಕೆ ಎಷ್ಟು ಹೊತ್ತು ಬೇಕು ಎಂದು ನಕ್ಕಳು.

ಅವಳಿಗೆ ಮಂಗಳೂರಿನ ಶಾಲೆಯೊಂದರಲ್ಲಿ ಕೆಲಸ ಸಿಕ್ಕಿತ್ತು. ಗಂಡನಿಲ್ಲದ ಮಗಳು ಪರಊರಲ್ಲಿ ಒಬ್ಬಳೇ ಇರುವುದೆಂದರೇನು ಎಂದು ತಾತ ಖಡಾಖಂಡಿತವಾಗಿ ಬೇಡವೆಂದರು, ಮಾತೂ ಬಿಟ್ಟರು. ಹೋಗುತ್ತಾಳೋ ಇಲ್ಲವೋ ಎಂದು ಮನೆಯೆಲ್ಲ ತಳಮಳ. ನಾನಂತೂ ಗೇಟಿಗೂ ಹಿತ್ತಲಿಗೂ ಓಡಾಡಿ ಎಲ್ಲರ ಕೈಲಿ ಬೈಸಿಕೊಂಡೆ.

ಒಂದು ಬೆಳಿಗ್ಗೆ ಅತ್ತೆ ಟ್ರಂಕು ಹಿಡಿದು ಜಗಲಿಗೆ ಬಂದಳು. ತಾತ ಅಲ್ಲೇ ಕೂತಿದ್ದರು. ಹೊರಟವರನ್ನು ಎಲ್ಲಿಗೆ ಎಂದು ಕೇಳಬಾರದು, ಕೇಳಿದರೆ ಹೋದ ಕೆಲಸ ಕೆಡುತ್ತದೆ ಎಂಬುದು ನಮ್ಮ ಮನೆಯ ಕಟ್ಟುನಿಟ್ಟು. ಹಾಗೆ ಕೇಳಿ ತಾತನಿಂದಲೇ ನಾನೆಷ್ಟು ಸಲ ಗದರಿಸಿಕೊಂಡಿಲ್ಲ! ಅವರ ತುಟಿ ಅಲುಗಿತು. ಅಯ್ಯೋ, ಕೇಳಿಯೇಬಿಡುತ್ತಾರೆ ಎಂದುಕೊಂಡೆ. ಕೇಳಿದ್ದರೆ ಅತ್ತೆ ಟ್ರಂಕು ಕೆಳಗಿಡುತ್ತಿದ್ದಳು ಎಂದು ಈಗಲೂ ಅನ್ನಿಸುತ್ತದೆ. ಅವರು ಕೇಳಲಿಲ್ಲ. ಅವಳು ನಮಸ್ಕಾರ ಮಾಡಿ ಮೆಟ್ಟಿಲಿಳಿದಳು. ಆಗ ತಾತ ನನ್ನ ಕಡೆ ತಿರುಗಿ ಮೆಲ್ಲಗೆ, "ಪುಟ್ಟಿ, ಹಿತ್ತಲಿಂದ ಸುತ್ಕೊಂಡು ಹೋಗು. ಒಂದು ಬಿಂದಿಗೆ ತುಂಬ ನೀರು ಹಿಡ್ಕೊಂಡು ಅವಳೆದುರಿಗೆ ಬಾ" ಎಂದರು.

ಹೊರಟವರಿಗೆ ತುಂಬಿದ ಕೊಡ ಎದುರಾದರೆ ಶುಭ. ಲಂಗ, ಕೊರಳಿಗೆ ಜಾರಿದ್ದ ಕಣ್ಣಿನ ಪಟ್ಟಿ ಎಲ್ಲ ಒದ್ದೆ ಮಾಡಿಕೊಂಡು ಮರಳುಗುಡ್ಡೆಯ ಹತ್ತಿರ ಅವಳಿಗೆ ಎದುರಾದೆ. ಬಿಂದಿಗೆ ಕಂಡವಳೇ ಅತ್ತೆ ನಿಂತಳು. ಯಾರು ಕಳಿಸಿದರೆಂದು ಕೇಳಲಿಲ್ಲ. ತಿರುಗಿ ಜಗಲಿಯ ಕಡೆ ನೋಡಿದಳು. ತಾತ ಎದ್ದು ಒಳಗೆ ಹೋಗಿಬಿಟ್ಟಿದ್ದರು. ಬೊಗಸೆ ನೀರು ತೆಗೆದು ಮುಖಕ್ಕೆ ಹಾಕಿಕೊಂಡು, ಬಸ್ಸಿನ ದಾರಿ ಹಿಡಿದಳು.

ಆ ಜಗಲಿಯಿದ್ದ ಕಡೆ ಈಗ ಯಾರದೋ ಕಾರು ನಿಲ್ಲುತ್ತದೆ. ಅತ್ತೆ ರಜಕ್ಕೆ ಬರುವ ಮೊದಲೇ, ಆ ಮಳೆಗಾಲದಲ್ಲೇ, ತಾತ ಒಂದು ರಾತ್ರಿ ನಿದ್ದೆಯಲ್ಲೇ ಹೊರಟುಹೋದರು. ಅವರನ್ನೂ ಯಾರೂ ಎಲ್ಲಿಗೆ ಎಂದು ಕೇಳಲಿಲ್ಲ.