ಉಡಾಸ್ ಬೇರಿನ ಸಾರು

ಅಪೊಲೋನಿಯಾ ಜೆಪ್ಪುವಿನ ಮೊರಿಸನ ಮನೆಗೆ ಎರಡನೆಯ ಹೆಂಡತಿಯಾಗಿ ಬಂದದ್ದು ಐವತ್ತಮೂರನೇ ಇಸವಿಯಲ್ಲಿ, ಈಸ್ಟರ್ ಕಳೆದ ಮೇಲೆ. ಮೊರಿಸ್ ಹಂಚಿನ ಕಾರ್ಖಾನೆಯಲ್ಲಿ ಮೇಸ್ತ್ರಿ. ಅವನ ಮೊದಲ ಹೆಂಡತಿ ಎವ್ಲಿನ್ ಜ್ವರದಲ್ಲಿ ತೀರಿಕೊಂಡು ವರ್ಷ ತುಂಬಿರಲಿಲ್ಲ. ಪುಟ್ಟ ಮಗಳು ಬೆನಿಟಾ ತಾಯಿ ಹೋದಂದಿನಿಂದ ಸರಿಯಾಗಿ ಉಣ್ಣುವುದನ್ನೇ ಬಿಟ್ಟಿದ್ದಳು. ಅಪೊಲೋನಿಯಾ ಏನು ಮಾಡಿ ಬಡಿಸಿದರೂ ಒಂದು ತುತ್ತು ಬಾಯಿಗಿಟ್ಟು, ನುಂಗದೆ ಕೆನ್ನೆಯೊಳಗೆ ಹಾಗೇ ಇಟ್ಟುಕೊಂಡು ಕೂತಿರುತ್ತಿದ್ದಳು. ಮಗುವಿನ ಕತ್ತಿನ ಮೂಳೆ ಎದ್ದು ಕಾಣತೊಡಗಿದಾಗ ಅಪೊಲೋನಿಯಾಳಿಗೆ ಹೆದರಿಕೆಯಾಯಿತು. ತವರೂರು ಕೂಳೂರಿಗೆ ಹೋಗಿ, ತನ್ನನ್ನು ಸಾಕಿದ ಚಿಕ್ಕಮ್ಮ ಗೆರ್ಟ್ರೂಡಳ ಮುಂದೆ ಅತ್ತಳು.

ಕೂಳೂರಿನ ಹೊಳೆಯಲ್ಲಿ, ಉಪ್ಪುನೀರು ಏರಿ ಇಳಿಯುವ ಒಂದು ಕೆಸರು ದಂಡೆಯಲ್ಲಿ ಮಾತ್ರ ಉಡಾಸ್ ಬೇರು ಸಿಗುತ್ತಿತ್ತು. ಕೊಂಕಣಿಯಲ್ಲಿ ಉಡಾಸ್ ಎಂದರೆ ನೆನಪು. ಕಪ್ಪು ಸಿಪ್ಪೆ, ಒಳಗೆ ಅರಸಿನದ ಬಣ್ಣ. ಅದನ್ನು ತೇದು ಸಾರಿಗೆ ಹಾಕಿದರೆ, ಉಣ್ಣುವವರ ಬಾಯಿಗೆ ಅವರು ಕಳಕೊಂಡವರ, ಸತ್ತು ಮಣ್ಣಾದವರ ಕೈರುಚಿ ಬರುತ್ತಿತ್ತು. ಊರಿಗೆಲ್ಲ ಇದು ಗೊತ್ತಿತ್ತು. ಗೊತ್ತಿದ್ದುದರಿಂದಲೇ ಹೆಚ್ಚಿನವರು ಅದನ್ನು ಮನೆಯೊಳಗೆ ತರುತ್ತಿರಲಿಲ್ಲ.

"ಆ ಬೇರು ಹಾಕಿದ್ರೆ ಮಗು ಉಣ್ತದೆ, ಅದು ಹೌದು," ಎಂದಳು ಗೆರ್ಟ್ರೂಡ್. "ಆದ್ರೆ ಆ ರುಚಿ ಹತ್ತಿದ ನಾಲಿಗೆಗೆ ಮತ್ತೆ ಬೇರೆ ಯಾರ ಅಡಿಗೆಯೂ ಹಿಡಿಸುದಿಲ್ಲ. ಆಮೇಲೆ ನಿನ್ನ ಗತಿ ಎಂತ?"

"ಮೊದ್ಲು ಮಗು ಬದುಕ್ಲಿ."

ದೋಣಿ ನಡೆಸುವ ಮೊಯ್ದೀನಬ್ಬ ಇಳಿತದ ಹೊತ್ತಿಗೆ ಕೆಸರಿಗಿಳಿದು ಬೇರು ಕಿತ್ತುಕೊಟ್ಟ. ಅಪೊಲೋನಿಯಾ ಮೀನುಸಾರಿಗೆ ತೇದು ಹಾಕಿದಳು. ಬೆನಿಟಾ ಒಂದು ತುತ್ತು ನುಂಗಿ, ಕಣ್ಣರಳಿಸಿ, "ಇದು ಮಾಮ್ಮಿಯ ಸಾರು," ಎಂದಳು. ಮತ್ತೆ ಅನ್ನ ಹಾಕಿಸಿಕೊಂಡಳು. ಮೊರಿಸ್ ಬಟ್ಟಲಿನ ಮೇಲೆ ಬಾಗಿ ಅಳುತ್ತಲೇ ಉಂಡ. ಬಡಿಸುತ್ತ ನಿಂತವಳ ಕಡೆ ಇಬ್ಬರೂ ತಲೆ ಎತ್ತಲಿಲ್ಲ. ಅವರು ಎದ್ದ ಮೇಲೆ ಅವಳೂ ಆ ಸಾರು ಉಂಡಳು. ಅವಳ ಬಾಯಿಗೆ ಬರೀ ಕೆಸರು. ಅವಳನ್ನು ಹೆತ್ತ ದಿನವೇ ತಾಯಿ ಸತ್ತಿದ್ದಳು; ನೆನೆಯಲು ನಾಲಿಗೆಯ ಮೇಲೆ ಯಾರೂ ಇರಲಿಲ್ಲ.

ಹೀಗೆ ವರ್ಷಗಳು ಹೋದವು. ಬೆನಿಟಾ ಮೈಕೈ ತುಂಬಿಕೊಂಡು ಶಾಲೆಗೆ ಹೋದಳು. ಅಪೊಲೋನಿಯಾಳನ್ನು ಮಾವ್ಶಿ, ಚಿಕ್ಕಮ್ಮ, ಎಂದೇ ಕರೆಯುತ್ತಿದ್ದಳು. ಅಪೊಲೋನಿಯಾ ತನಗೆಂದು ಬೇರೆ ಗಂಜಿ ಬೇಯಿಸಿಕೊಳ್ಳುತ್ತಿದ್ದಳು. ಒಂದು ಸಂಜೆ ಮೊರಿಸ್ ಕಾರ್ಖಾನೆಯಿಂದ ಬಂದವನೇ, "ಇವತ್ತು ಎವ್ಲಿನ್ ಎಂತ ಮಾಡಿದ್ದಾಳೆ?" ಎಂದು ಕೇಳಿದ. ಕೇಳಿ ಗಕ್ಕನೆ ನಿಂತ. ಅಪೊಲೋನಿಯಾ ಅವನಿಗೆ ಮುಜುಗರ ಆಗದಿರಲೆಂದು, "ಬೂತಾಯಿ ಮೀನು," ಎಂದುಬಿಟ್ಟಳು. ಮುಂದೆ ಅದು ಅವನಿಗೆ ರೂಢಿಯಾಯಿತು. ಅವಳು ಪ್ರತಿಸಲವೂ ಉತ್ತರ ಕೊಡುತ್ತಿದ್ದಳು.

ಬೆನಿಟಾ ಹೈಸ್ಕೂಲು ಮುಗಿಸಿದ ದಿನ ಅಪೊಲೋನಿಯಾ ಒಮ್ಮೆ ಧೈರ್ಯ ಮಾಡಿದಳು. ಬೇರು ಹಾಕದೆ, ಹುಳಿಗೆ ಬಿಂಬುಳಿ ಕಾಯಿ ಹಿಂಡಿ, ತನ್ನದೇ ಹದದಲ್ಲಿ ಸಾರು ಮಾಡಿದಳು. ಹುಡುಗಿ ತುತ್ತನ್ನು ಉಗಿದಳು.

"ಇದೆಂತ ಮಾವ್ಶಿ? ಬಾಯಿಗೆ ಹಾಕ್ಲಿಕ್ಕೆ ಆಗುದಿಲ್ಲ."

ಮೊರಿಸ್ ಬಟ್ಟಲು ಸರಿಸಿ ಎದ್ದ. ಅಪೊಲೋನಿಯಾ ಹೊಸದಾಗಿ ಒಲೆ ಹೊತ್ತಿಸಿ ಬೇರು ತೇದಳು.

ಅದಾದ ಮರುವರ್ಷ ಕೂಳೂರಿನ ಹೊಳೆಬದಿಯಲ್ಲಿ ಉಪ್ಪುನೀರು ತಡೆಯಲು ಕಟ್ಟ ಕಟ್ಟಿದರು. ಬೇರಿನ ದಂಡೆಯ ಮೇಲೆ ಲಾರಿಗಟ್ಟಲೆ ಮುರಕಲ್ಲು ಸುರಿದರು. "ಇನ್ನು ಇಲ್ಲ ಬಾಯಮ್ಮ," ಎಂದ ಮೊಯ್ದೀನಬ್ಬ. "ಎಲ್ಲ ಕಲ್ಲಿನ ಅಡಿ ಉಂಟು." ಅವಳು ನಂಬಲಿಲ್ಲ. ಸೀರೆ ಎತ್ತಿ ಕಟ್ಟಿ ತಾನೇ ಕೆಸರಿಗಿಳಿದಳು. ಕಲ್ಲಿನ ಸಂದಿಗೆ ಕೈ ಹಾಕಿ ಉಗುರು ಕಿತ್ತುಕೊಂಡಳು. ಬರಿಗೈಯಲ್ಲಿ ಜೆಪ್ಪುವಿಗೆ ಬಂದಳು.

"ನೀವು ಬೇಕೂಂತಲೇ ತರ್ಲಿಲ್ಲ," ಎಂದಳು ಬೆನಿಟಾ. "ಮಾಮ್ಮಿಯ ಮೇಲೆ ಹೊಟ್ಟೆಕಿಚ್ಚು ನಿಮಗೆ."

ಅಪೊಲೋನಿಯಾ ಬಟ್ಟೆ ಸುತ್ತಿದ ಬೆರಳು ತೋರಿಸಿದಳು. ಹುಡುಗಿ ನೋಡಲಿಲ್ಲ. ಆ ಮಳೆಗಾಲ ಕಳೆಯುತ್ತಲೇ ನರ್ಸಿಂಗ್ ಕಲಿಯಲು ಬೊಂಬಾಯಿಗೆ ಹೋದಳು. ಮೊರಿಸ್ ಚಾದಲ್ಲಿ ಬ್ರೆಡ್ಡು ಅದ್ದಿ ತಿಂದುಕೊಂಡು ದಿನ ನೂಕಿದ. ಅಪೊಲೋನಿಯಾ ದಿನವೂ ಅನ್ನ ಸಾರು ಮಾಡಿ ಮುಂದಿಡುವಳು, ಆರಿದ ಮೇಲೆ ತೆಗೆಯುವಳು. "ಒಂದು ತುತ್ತಾದ್ರೂ ತಿನ್ನಿ," ಎಂದರೆ, "ನಿನ್ನ ತಪ್ಪಲ್ಲ ಅಪೊಲೋನಿಯಾ," ಎನ್ನುತ್ತಿದ್ದ. ಅವನು ಅವಳ ಹೆಸರು ಹಿಡಿದು ಕರೆದದ್ದು ಆ ಕೊನೆಯ ತಿಂಗಳುಗಳಲ್ಲಿ ಮಾತ್ರ. ಅರವತ್ತಾರರಲ್ಲಿ, ಮೂಳೆ ಚಕ್ಕಳವಾಗಿ, ಸತ್ತ.

ಅಪ್ಪನನ್ನು ಮಣ್ಣು ಮಾಡುವ ದಿನ ಬಂದ ಬೆನಿಟಾ ಬಟ್ಟಲಿನಲ್ಲಿ ಬೆರಳಾಡಿಸಿ, ಹಸಿವಿಲ್ಲವೆಂದಳು. ಹೋಗುವಾಗ ಮಾವ್ಶಿಯ ಕೈಹಿಡಿದು ಏನೋ ಹೇಳಹೊರಟು, ಬಸ್ಸಿಗೆ ಹೊತ್ತಾಯಿತೆಂದು ಬಿಟ್ಟಳು. ಮತ್ತೆ ಬರಲಿಲ್ಲ.

ಮುಂದಿನ ವರ್ಷ ನೆರೆಮನೆಯ ಉರ್ಸುಲಾ ಮಗಳ ಮದುವೆಯ ಅಡಿಗೆಗೆ ಜನ ಸೇರಿಸುತ್ತಿದ್ದಳು. "ನಿಮ್ಮ ಕೈಯ ಸ್ಪೆಷಲ್ ಎಂತ ಉಂಟು ಅಪೊಲೋನಿಯಾ ಬಾಯಿ? ಅದನ್ನೇ ಮಾಡುವ," ಎಂದು ಕೇಳಿದಳು. ಅಪೊಲೋನಿಯಾ ಬಾಗಿಲಲ್ಲಿ ನಿಂತು ತುಂಬ ಯೋಚಿಸಿದಳು. ಉಪ್ಪು ಎಷ್ಟು, ಹುಳಿ ಎಷ್ಟು, ತನಗೆ ಯಾವುದು ಇಷ್ಟ, ಒಂದೂ ನೆನಪಿಗೆ ಬರಲಿಲ್ಲ.

"ನಾನು ನೀರುಳ್ಳಿ ಸುಲೀತೇನೆ," ಎಂದಳು.